ಪೀಣ್ಯದ ಮಿಷಿನ್ ಡಾಕ್ಟರ ಕಿವಿ

ಕಳೆದ ತಿಂಗಳು ನನ್ನ ಮೈಕ್ ಸ್ಟ್ಯಾಂಡಿನ ಥ್ರೆಡ್ ಸವೆದುಹೋಗಿ, ಎಷ್ಟು ತಿರುಗಿಸಿದರೂ ಮೈಕು ತಲೆ ಬಗ್ಗಿಸಿಕೊಂಡೇ ನಿಲ್ಲುತ್ತಿತ್ತು. ಪೀಣ್ಯದಲ್ಲಿ ಯಾರಾದರೂ ಲೇತ್‌ನವರ ಹತ್ತಿರ ಸರಿ ಮಾಡಿಸೋಣವೆಂದು ಮೆಟ್ರೋ ಹತ್ತಿದೆ. ಇಳಿದು ಒಳರಸ್ತೆಯಲ್ಲಿ ನಡೆಯುವಾಗ ಮಳೆ ಹಿಡಿಯಿತು. ಒಂದು ಶೆಡ್ಡಿನ ಸೂರಿನ ಕೆಳಗೆ ನಿಂತೆ. ಒಳಗಿನಿಂದ ಆ ವಾಸನೆ ಬಂತು. ಕಬ್ಬಿಣ ಕೊರೆಯುವಾಗ ಬಿಸಿಯಾಗದಿರಲೆಂದು ಮೇಲಿನಿಂದ ಸುರಿಯುವ, ನೀರು ಬೆರೆತ ಹಾಲಿನಂಥ ಕೂಲೆಂಟಿನ ವಾಸನೆ. ಅದರ ಜೊತೆ ಸುಟ್ಟ ಕಬ್ಬಿಣದ ಚೂರು, ಒದ್ದೆ ಸಿಮೆಂಟು. ಒಂದು ಮಳೆಗಾಲ ಪೂರ್ತಿ ಆ ವಾಸನೆಯನ್ನು ನಾನು ಬಟ್ಟೆಯಲ್ಲಿ, ಕೂದಲಲ್ಲಿ ಮನೆಗೆ ಹೊತ್ತುಕೊಂಡು ಹೋಗಿದ್ದೇನೆ. ಅವ್ವ ಬಾಗಿಲಲ್ಲೇ ತಡೆದು, "ಮೊದ್ಲ ಸ್ನಾನ ಮಾಡ್ ಹೋಗು. ಗ್ಯಾರೇಜಿನ್ಯಾಗ ಕೆಲಸಕ್ಕ ಸೇರೀಯೇನು?" ಎನ್ನುತ್ತಿದ್ದಳು.

ಆಗ ನನಗೆ ಇಪ್ಪತ್ತನಾಲ್ಕು. ಅಪ್ಪನ ಬ್ಯಾಂಕಿನ ಕೆಲಸದ ದೆಸೆಯಿಂದ ರಾಣೆಬೆನ್ನೂರು ಬಿಟ್ಟು ವೈಟ್‌ಫೀಲ್ಡಿನ ಅಪಾರ್ಟ್‌ಮೆಂಟ್ ಸೇರಿದ ಮನೆ ನಮ್ಮದು. ಎಲೆಕ್ಟ್ರಾನಿಕ್ಸ್ ಓದಿದ್ದ ನಾನು ಎರಡು ಕಡೆ ಕೆಲಸ ಬಿಟ್ಟು, ಸಿನಿಮಾದವರಿಗೆ ಧ್ವನಿ ಹಿಡಿದುಕೊಡುವ ಕೆಲಸ ಕಲಿಯುತ್ತಿದ್ದೆ. ಯಾರೋ ಹೇಳಿದರೆಂದು ವಿಮಲಾ ಮೇಡಂಗೆ ಫೋನ್ ಮಾಡಿದೆ. ಅವರು ಕೇಳಿದ್ದು ಒಂದೇ ಪ್ರಶ್ನೆ: "ಮೂರು ಗಂಟೆ ಸುಮ್ನೆ ಕೂತ್ಕೋಬಲ್ಲೆಯಾ, ಸವಿತಾ?"

ವಿಮಲಾ ಮೇಡಂಗೆ ಐವತ್ತೆಂಟಾಗಿತ್ತು. ಮೂವತ್ತು ವರ್ಷದಿಂದ ಸಾಕ್ಷ್ಯಚಿತ್ರ ಮಾಡಿಕೊಂಡು ಬಂದಿದ್ದರು. ಯಾವ ವಿಷಯದ ಮೇಲೆ ಎಂದು ಕೇಳಿದರೆ ಉತ್ತರ ಹೇಳುವುದು ಕಷ್ಟ. ಕುಸ್ತಿಯ ಗರಡಿಗಳ ಮೇಲೆ ಒಂದು, ಬಾವಲಿಗಳ ಮೇಲೆ ಒಂದು, ಕೋರ್ಟಿನ ಮುಂದೆ ಮರದಡಿ ಕೂರುವ ಟೈಪಿಸ್ಟುಗಳ ಮೇಲೆ ಒಂದು, ಹೆರಿಗೆ ಮಾಡಿಸುವ ಅಜ್ಜಿಯರ ಮೇಲೆ ಒಂದು. ಜಿಗಣಿಯಲ್ಲಿ ಗ್ರಾನೈಟ್ ಕೊಯ್ಯುವವರ ಜೊತೆ ಒಂದು ಬೇಸಿಗೆ ಕಳೆದಿದ್ದರು. ನಡುನಡುವೆ ಜೀವನ ನಡೆಯಲು ಕಂಪನಿಗಳಿಗೂ ಚಿತ್ರ ಮಾಡಿಕೊಡುತ್ತಿದ್ದರು. ಬೊಮ್ಮಸಂದ್ರದ ಒಂದು ಔಷಧಿ ಕಾರ್ಖಾನೆಗೆ 'ಕೈ ತೊಳೆಯುವುದು ಹೇಗೆ' ಎಂದು ಒಂಬತ್ತು ನಿಮಿಷದ ಚಿತ್ರ ಮಾಡಿದ್ದರು. ಪ್ರಶಸ್ತಿ ಬಂದ ಚಿತ್ರಗಳ ಬಗ್ಗೆ ಮಾತಾಡದವರು ಈ ಕೈ ತೊಳೆಯುವ ಚಿತ್ರವನ್ನು ಮಾತ್ರ ಎಲ್ಲರಿಗೂ ತೋರಿಸುತ್ತಿದ್ದರು. "ಹೆಬ್ಬೆರಳನ್ನ ಯಾರೂ ತೊಳೆಯೋದೇ ಇಲ್ಲ ಕಣೇ. ನಿನ್ನನ್ನೇ ನೋಡ್ಕೋ ಬೇಕಾದ್ರೆ" ಎನ್ನುತ್ತಿದ್ದರು. ಅವತ್ತಿನಿಂದ ನಾನು ಹೆಬ್ಬೆರಳು ತೊಳೆಯುತ್ತೇನೆ.

ಆ ಜೂನಿನಲ್ಲಿ ಪೀಣ್ಯದ ಗೇರ್ ತಯಾರಿಸುವ ಕಂಪನಿಯೊಂದು ತನ್ನ ಬೆಳ್ಳಿಹಬ್ಬಕ್ಕೆ ಚಿತ್ರ ಬೇಕೆಂದು ಅವರನ್ನು ಕರೆಯಿತು. ಕಂಪನಿ ಕಟ್ಟಿದವರು ತೀರಿಕೊಂಡು, ಮಗ ಕಿರಣ್ ನಡೆಸುತ್ತಿದ್ದರು. ಮೂವತ್ತೈದರ ವಯಸ್ಸು, ಮಾತು ಚುರುಕು. "ಡ್ರೋನ್ ಶಾಟ್ ಇರ್ಲಿ ಮೇಡಂ, ಅಪ್ಪನ ಫೋಟೋ ಇರ್ಲಿ, ಮಿಕ್ಕಿದ್ದು ನಿಮ್ಗೆ ಬಿಟ್ಟಿದ್ದು" ಎಂದರು. ಮೇಡಂ ಒಪ್ಪಿಕೊಂಡು, ಮೊದಲ ನಾಲ್ಕು ದಿನ ಕ್ಯಾಮೆರಾ ತರುವುದಿಲ್ಲ ಎಂದರು. ಕಿರಣ್‌ಗೆ ಅದು ಅರ್ಥವಾಗಲಿಲ್ಲ. ನನಗೂ ಆಗಲಿಲ್ಲ.

ವೈಟ್‌ಫೀಲ್ಡಿನಿಂದ ಪೀಣ್ಯಕ್ಕೆ ಮೆಟ್ರೋದಲ್ಲೂ ಬೇಕಾದಷ್ಟು ಹೊತ್ತು ಬೇಕು, ಮೆಜೆಸ್ಟಿಕ್ಕಿನಲ್ಲಿ ರೈಲು ಬದಲಿಸಬೇಕು. ಹೋಗಿ ಶೆಡ್ಡಿನ ಮೂಲೆಯಲ್ಲಿ ಎರಡು ಸ್ಟೂಲ್ ಹಾಕಿಕೊಂಡು ಕೂರುತ್ತಿದ್ದೆವು. ಕಬ್ಬಿಣವನ್ನು ಒತ್ತಿ ಆಕಾರ ಕೊಡುವ ಪ್ರೆಸ್ಸುಗಳು ಧಡ್ ಧಡ್ ಎಂದು ಬಡಿಯುತ್ತಿದ್ದವು, ಗ್ರೈಂಡಿಂಗ್ ಮಿಷಿನ್ನುಗಳು ಕೀರಲು ದನಿಯಲ್ಲಿ ಒಂದೇ ಸಮ ಅರಚುತ್ತಿದ್ದವು, ಮೇಲೆ ಶೀಟಿನ ಮೇಲೆ ಮಳೆ. ಯಾರೂ ಮಾತಾಡುತ್ತಿರಲಿಲ್ಲ, ಎಲ್ಲ ಕೈಸನ್ನೆ. ಮುಷ್ಟಿ ಕಟ್ಟಿ ಹೆಬ್ಬೆರಳನ್ನು ಬಾಯಿಗೆ ತಂದರೆ ಟೀ, ಹಣೆ ಮೇಲೆ ಬೆರಳೆಳೆದರೆ ಸಾಹೇಬರು ಬಂದರು. ಕಿವಿಗೆ ಹಾಕಿಕೊಳ್ಳುವ ಸ್ಪಂಜಿನ ಬಿರಡೆಗಳು ಗೋಡೆಯ ಡಬ್ಬದಲ್ಲಿ ಹಾಗೇ ಧೂಳು ಹಿಡಿದಿದ್ದವು.

ಮುನಿರಾಜು ಕಂಡದ್ದು ಮೂರನೆಯ ದಿನ. ಕುಣಿಗಲ್ ಕಡೆಯವರು, ವಯಸ್ಸು ಐವತ್ತೇಳು, ನರೆತ ದಪ್ಪ ಮೀಸೆ, ಜೇಬಿನಲ್ಲಿ ಉದ್ದನೆಯ ಸ್ಕ್ರೂಡ್ರೈವರ್. ಒಂದು ಗ್ರೈಂಡಿಂಗ್ ಮಿಷಿನ್ನಿನ ಮುಂದೆ ನಿಂತು ಸ್ಕ್ರೂಡ್ರೈವರಿನ ತುದಿಯನ್ನು ಅದರ ಮೈಗಿಟ್ಟು, ಹಿಡಿಯನ್ನು ಕಿವಿಯ ಕೆಳಗಿನ ದವಡೆಯ ಮೂಳೆಗೆ ಒತ್ತಿಕೊಂಡು ಕಣ್ಣು ಮುಚ್ಚಿದರು. ಆಮೇಲೆ ಎರಡು ಬೆರಳು ತೋರಿಸಿದರು. ಎರಡು ದಿನದಲ್ಲಿ ಒಳಗಿನ ಬೇರಿಂಗ್ ಹೋಗುತ್ತದೆ ಎಂದು ಅದರ ಅರ್ಥ. ಬಿಚ್ಚಿ ನೋಡಿದಾಗ ಬೇರಿಂಗಿನ ಗುಂಡು ಒಂದರಲ್ಲಿ ಸಾಸಿವೆ ಕಾಳಿನಷ್ಟು ಗುಳಿ ಬಿದ್ದಿತ್ತು. ಅಕ್ಕಪಕ್ಕದ ಶೆಡ್ಡುಗಳವರೂ ಅವರನ್ನು ಕರೆಯುತ್ತಿದ್ದರು. ಬೀದಿಯಲ್ಲಿ ಅವರ ಹೆಸರು ಡಾಕ್ಟರ್.

ಮೇಡಂ ಸ್ಟೂಲಿನಿಂದ ಎದ್ದೇಬಿಟ್ಟರು. ಟೀ ಹೊತ್ತಿನಲ್ಲಿ ಅವರನ್ನು ಹಿಡಿದು, "ಒಳಗೆ ಏನು ಕೇಳಿಸುತ್ತೆ ಮುನಿರಾಜು ಅವ್ರೇ?" ಎಂದರು.

ಅವರು ಮೇಡಂ ಮುಖವನ್ನೇ ಸ್ವಲ್ಪ ಹೊತ್ತು ನೋಡಿ ಹೇಳಿದರು. "ಒಳ್ಳೆ ಬೇರಿಂಗು ಅಂದ್ರೆ ರಾಗಿ ಬೀಸ್ದಂಗೆ ಮೇಡಂ. ಒಂದೇ ಸಮ ಬತ್ತಾ ಇರ್ತದೆ. ಕೆಟ್ಟೋಗ್ತಾ ಐತೆ ಅಂದ್ರೆ ರಾಗೀಲಿ ಸಣ್ಣ ಕಲ್ಲು ಸಿಕ್ದಂಗೆ. ಇಂಗೆ, ಕಟುಕ್ ಅಂತ."

ಅದನ್ನು ರೆಕಾರ್ಡ್ ಮಾಡಲೇಬೇಕೆಂದು ನನಗೆ ಹಠ ಬಂತು. ಗಾಳಿಯ ಶಬ್ದ ಹಿಡಿಯದೆ ವಸ್ತುವಿನ ಮೈಯ ಅದುರನ್ನಷ್ಟೇ ಹಿಡಿಯುವ, ಬಟ್ಟೆಗುಂಡಿಯಷ್ಟು ಸಣ್ಣ ಮೈಕು ಸಿಗುತ್ತದೆ. ಎಲೆಕ್ಟ್ರಾನಿಕ್ಸ್ ಅಂಗಡಿಗಳ ಎಸ್.ಪಿ. ರೋಡಿನಿಂದ ತಂದು ಅದನ್ನು ಸ್ಕ್ರೂಡ್ರೈವರಿನ ಹಿಡಿಗೆ ಟೇಪಿನಲ್ಲಿ ಸುತ್ತಿದೆ. ಹೆಡ್‌ಫೋನಿನಲ್ಲಿ ಕೇಳಿದಾಗ ಮೈ ಜುಮ್ಮೆಂದಿತು. ಹೊರಗಿನ ಅಷ್ಟೂ ಗದ್ದಲ ಮಾಯವಾಗಿ ಒಳಗೆ ಬೀಸುಕಲ್ಲೇ ತಿರುಗುತ್ತಿತ್ತು. ಸಂತೋಷಕ್ಕೆ ಹೆಡ್‌ಫೋನನ್ನು ಮುನಿರಾಜು ಅವರ ತಲೆಗೆ ಹಾಕಿ ಕೇಳಿಸಿದೆ. ಅವರು ಕಣ್ಣು ಮುಚ್ಚಿ, ತಲೆದೂಗಿ, "ಸಕ್ಕತ್ತಾಗೈತೆ ಕಣಮ್ಮ. ಅದೇ ಸೌಂಡು" ಎಂದರು.

ವಾಪಸ್ ತೆಗೆದುಕೊಳ್ಳುವಾಗ ನೋಡುತ್ತೇನೆ, ಹೆಡ್‌ಫೋನಿನ ವೈರು ರೆಕಾರ್ಡರಿನಿಂದ ಕಿತ್ತು ಬಂದು ನನ್ನ ಮೊಣಕಾಲಿನ ಹತ್ತಿರ ನೇತಾಡುತ್ತಿತ್ತು.

ನನ್ನ ಮನಸ್ಸು ನೋಯಿಸಬಾರದೆಂದು ಹಾಗೆ ಹೇಳಿದರು ಎಂದುಕೊಂಡೆ. ಮೇಡಂಗೂ ಹೇಳಲಿಲ್ಲ. ಆದರೆ ಮಾರನೆಯ ದಿನದಿಂದ ನನ್ನ ಕಣ್ಣು ಅವರ ಮೇಲೇ ಇತ್ತು. ಹಿಂದಿನಿಂದ ಕರೆದರೆ ಅವರು ತಿರುಗುತ್ತಿರಲಿಲ್ಲ. ಟೀ ಅಂಗಡಿಯಲ್ಲಿ ಎಲ್ಲರೂ ನಕ್ಕ ಮೇಲೆ ಒಂದು ಕ್ಷಣ ತಡವಾಗಿ ನಗುತ್ತಿದ್ದರು. ಮಾತಾಡುವವರ ತುಟಿಯನ್ನು ನೋಡುತ್ತಿದ್ದರು. ಶೆಡ್ಡಿನೊಳಗೆ ಎಲ್ಲರೂ ಸನ್ನೆಯಲ್ಲೇ ಬದುಕುತ್ತಿದ್ದುದರಿಂದ ಅಲ್ಲಿ ಯಾರಿಗೂ ಗೊತ್ತಾಗುವ ಹಾಗೇ ಇರಲಿಲ್ಲ.

ಆಗಸ್ಟಿನ ಒಂದು ಮಧ್ಯಾಹ್ನ ಜಡಿಮಳೆ. ಮೇಡಂ ದೂರದಲ್ಲಿ ಕ್ಯಾಮೆರಾ ನಿಲ್ಲಿಸಿಕೊಂಡು, ಮುನಿರಾಜು ಕೈಯಲ್ಲಿ ಒಂದು ಗೇರ್ ಹಿಡಿದು ಶೆಡ್ಡಿನ ಉದ್ದಕ್ಕೂ ನಡೆದು ಬರುವುದನ್ನು ತೆಗೆಯುತ್ತಿದ್ದರು. ಅವರ ಹಿಂದೆ, ಸರಕು ಎತ್ತಿ ಸಾಗಿಸುವ ಫೋರ್ಕ್‌ಲಿಫ್ಟ್ ಗಾಡಿಯೊಂದು ರಿವರ್ಸ್ ಬರತೊಡಗಿತು. ಮುಂದಿದ್ದ ಲೋಡು ಎಲ್ಲಿಯಾದರೂ ತಾಗೀತೆಂದು ಡ್ರೈವರ್ ಅದನ್ನೇ ನೋಡುತ್ತಿದ್ದ. ಪೀಂ ಪೀಂ ಎಂಬ ಸದ್ದು ನನ್ನ ಹೆಡ್‌ಫೋನಿನಲ್ಲಿ ಕಿವಿ ಹರಿಯುವಷ್ಟು ಜೋರಾಗಿತ್ತು. ಮುನಿರಾಜು ತಿರುಗಲಿಲ್ಲ. ನಾನು ಕೂಗಿದೆ. ತಿರುಗಲಿಲ್ಲ. ಮೈಕಿನ ಕೋಲನ್ನು ಬಿಸಾಕಿ ಓಡಿ ಅವರ ಶರ್ಟು ಹಿಡಿದು ಎಳೆದೆ. ಇಬ್ಬರೂ ಕಬ್ಬಿಣದ ಚೂರಿನ ರಾಶಿಯ ಮೇಲೆ ಬಿದ್ದೆವು. ಗೇರು ಎಲ್ಲೋ ಉರುಳಿ ಹೋಯಿತು.

ಡ್ರೈವರ್ ಬ್ರೇಕ್ ಹಾಕಿ ಇಳಿದು ಬಂದ. ಅವನ ಮುಖ ಬಿಳುಚಿಕೊಂಡಿತ್ತು. "ಏನ್ ಮುನಿಯಣ್ಣ, ಕಿವಿ ಕೇಳ್ಸಲ್ವಾ?"

ಸುತ್ತ ನಿಂತವರು ನಕ್ಕರು. ಒಂದು ಕ್ಷಣ ಬಿಟ್ಟು ಮುನಿರಾಜೂ ನಕ್ಕರು. ನನ್ನ ಅಂಗೈ ಹರಿದು ರಕ್ತ ಬರುತ್ತಿತ್ತು. ಅದನ್ನು ತಮ್ಮ ಕರ್ಚೀಫಿನಿಂದ ಕಟ್ಟುವಾಗ ಅವರು ನನ್ನ ಕಡೆ ಒಮ್ಮೆ ನೋಡಿದರು. ನನಗೆ ಗೊತ್ತಾಗಿದೆ ಎಂಬುದು ಅವರಿಗೂ ಗೊತ್ತಾಯಿತು.

ಸಂಜೆ ಟೀ ಅಂಗಡಿಯ ಬೆಂಚಿನ ಮೇಲೆ ಕೂತು ಮೇಡಂಗೆ ಎಲ್ಲ ಹೇಳಿದೆ, ಕಿತ್ತುಬಂದ ವೈರಿನ ಕಥೆಯನ್ನೂ.

"ಇದನ್ನ ಕಿರಣ್‌ಗೆ ಹೇಳ್ಬೇಕಲ್ವಾ ಮೇಡಂ?"

"ಹೇಳಿದ್ರೆ ನಾಳೆನೇ ಗೇಟಿನ ಹತ್ರ ವಾಚ್‌ಮನ್ ಕುರ್ಚಿ ಮೇಲೆ ಕೂರಿಸ್ತಾರೆ. ಇಲ್ಲಾಂದ್ರೆ ಮನೆಗೆ ಕಳಿಸ್ತಾರೆ. ಹೇಳ್ದೆ ಇದ್ರೆ ಇನ್ನೊಂದ್ಸಲ ನೀನು ಅಲ್ಲಿರಲ್ಲ." ಗ್ಲಾಸು ಕೆಳಗಿಟ್ಟರು. "ಮೂವತ್ತು ವರ್ಷ ಆಯ್ತು ಸವಿತಾ, ಹೇಳೋದೋ ಬಿಡೋದೋ ಅನ್ನೋ ಈ ಜಾಗಕ್ಕೆ ಎಷ್ಟು ಸಲ ಬಂದಿದೀನೋ. ಪ್ರತಿಸಲ ಹೊಸದಾಗೇ ಇರುತ್ತೆ."

ಆಗ ನಾನು ಕೇಳಿಯೇಬಿಟ್ಟೆ. ಯಾಕೆ ಮೇಡಂ, ಒಂದು ವಿಷಯ ಹಿಡಿದು ಅದರಲ್ಲೇ ಹೆಸರು ಮಾಡಬಹುದಿತ್ತಲ್ಲ, ಯಾಕೆ ಬಾವಲಿಯಿಂದ ಕೋರ್ಟಿಗೆ, ಕೋರ್ಟಿನಿಂದ ಕಲ್ಲಿಗೆ ಹೋದಿರಿ ಎಂದು.

"ನನಗೆ ಗೊತ್ತಿರೋ ವಿಷಯ ಆದ್ರೆ ನಾನು ಪಾಠ ಹೇಳೋಕೆ ಶುರು ಮಾಡ್ತೀನಿ, ಸಹಿಸೋಕಾಗಲ್ಲ. ಕುಸ್ತಿ ಮೇಲೆ ಎರಡನೇ ಸಿನಿಮಾ ಮಾಡಿದ್ದೆ, ಯಾರಿಗೂ ತೋರಿಸಿಲ್ಲ" ಎಂದರು. ಮತ್ತೆ ತಮ್ಮಷ್ಟಕ್ಕೇ ಎಂಬಂತೆ, "ಅಲ್ಲ, ಕಿವೀನೇ ಕೇಳಿಸ್ದೆ ಇದ್ರೆ ಆ ಬೇರಿಂಗ್ ಹೆಂಗೆ ಹೇಳಿದ್ರು?" ಎಂದರು. ಅಷ್ಟು ಚಿಂತೆಯ ನಡುವೆಯೂ ಅವರ ಕಣ್ಣು ಹೊಳೆಯುತ್ತಿತ್ತು. ನನಗೆ ಸ್ವಲ್ಪ ಸಿಟ್ಟೂ ಬಂತು.

ಭಾನುವಾರ ರಾಜಗೋಪಾಲನಗರದ ಮುನಿರಾಜು ಅವರ ಮನೆಗೆ ಹೋದೆವು. ಹಿಂದೆ ಅಲ್ಲೇ ಹೊಲ ಮಾಡಿಕೊಂಡಿದ್ದವರು ಕಟ್ಟಿಸಿ ಬಾಡಿಗೆಗೆ ಬಿಟ್ಟ ಸಾಲುಮನೆಗಳಲ್ಲಿ ಒಂದು. ಮುಂದೆ ತುಳಸಿ, ಒಗೆದ ಯೂನಿಫಾರಂ. ಅವರ ಹೆಂಡತಿ ಗಂಗಮ್ಮ ನಮ್ಮನ್ನು ಮಂಚದ ಮೇಲೆ ಕೂರಿಸಿ ಒಳಗೆ ಹೋದರು. ಒಲೆಯ ಮುಂದಿನಿಂದಲೇ ಮಾತಾಡುತ್ತಿದ್ದರು. ಮುನಿರಾಜು ಗೋಡೆ ನೋಡುತ್ತಾ ಕೂತಿದ್ದರು.

ಮೇಡಂ ಲ್ಯಾಪ್‌ಟಾಪ್ ತೆರೆದು ಆ ಮಧ್ಯಾಹ್ನದ ದೃಶ್ಯ ಹಾಕಿದರು. ಪರದೆಯ ಮೇಲೆ ಮುನಿರಾಜು ನಿಧಾನವಾಗಿ ನಡೆದು ಬರುತ್ತಿದ್ದರು. ಹಿಂದೆ ಹಳದಿ ಫೋರ್ಕ್‌ಲಿಫ್ಟ್ ದೊಡ್ಡದಾಗುತ್ತಾ ಹೋಯಿತು. ಮುಗಿದ ಮೇಲೆ ಅವರು ಇನ್ನೊಂದು ಸಲ ಹಾಕಿ ಎಂದು ಬೆರಳಲ್ಲಿ ತೋರಿಸಿದರು. ಮೂರನೆಯ ಸಲಕ್ಕೆ ಗಂಗಮ್ಮ ಕಾಫಿ ತಟ್ಟೆ ಹಿಡಿದು ಪಕ್ಕಕ್ಕೆ ಬಂದು ನಿಂತಿದ್ದರು.

"ಅಯ್ಯಯ್ಯೋ, ಯಾಕೆ ತಿರುಗ್ಲಿಲ್ಲ ಇವ್ರು? ಅಷ್ಟು ಬಡ್ಕೊಂತೈತೆ ಅದು!"

ಮುನಿರಾಜು ಹೆಂಡತಿಯ ಮುಖ ನೋಡಿದರು. "ಕೇಳ್ಸಿಲ್ಲ ಗಂಗಾ."

"ಅಷ್ಟು ಸೌಂಡು..."

"ಯಾವ್ದೂ ಸರ್ಯಾಗಿ ಕೇಳ್ಸಲ್ಲ. ಶ್ಯಾನೆ ದಿನ ಆಯ್ತು. ಬಾಯಿ ನೋಡ್ಕೊಂಡು ಗೊತ್ತು ಮಾಡ್ಕೊಂತೀನಿ. ಮಿಷಿನ್ದು ಮೂಳೆಗೆ ಗೊತ್ತಾಯ್ತದೆ, ಕೈಗೆ ಗೊತ್ತಾಯ್ತದೆ. ಜನಗಳದ್ದು ಗೊತ್ತಾಗಕ್ಕಿಲ್ಲ."

ಗಂಗಮ್ಮ ತಟ್ಟೆಯನ್ನು ನೆಲಕ್ಕಿಟ್ಟು ಅಲ್ಲೇ ಕೂತುಬಿಟ್ಟರು. ಮೇಡಂ ಕಡೆ ತಿರುಗಿ, "ನಾಕು ವರ್ಷದ ಕೆಳಗೆ ಮಗಳ ಮದುವೆ ಇಸ್ಯಕ್ಕೆ ನಮ್ಗಿಬ್ರಿಗೂ ದೊಡ್ಡ ಜಗಳ ಆಗಿತ್ತಮ್ಮ" ಎಂದರು. "ಅವತ್ತಿಂದ ಇವ್ರು ನನ್ ಮಾತಿಗೆ ಓಗೊಡೋದೇ ಬಿಟ್ರು. ಬೇಕಂತ ಮಾತು ಬಿಟ್ಟವ್ರೆ ಅಂದ್ಕೊಂಡೆ. ಒಲೆ ಮುಂದೆ ನಿಂತ್ಕೊಂಡು, ಬೆನ್ನು ಹಾಕ್ಕೊಂಡು ಒಬ್ಳೇ ಮಾತಾಡ್ತಿದ್ದೆ. ಒಂದು ದಿನ ಆದ್ರೂ ಹ್ಞೂಂ ಅಂತಾರೇನೋ ಅಂತ."

ಬೆನ್ನು ಹಾಕಿದ್ದರಿಂದ ತುಟಿ ಕಾಣುತ್ತಿರಲಿಲ್ಲ. ಅಷ್ಟೇ ಆಗಿದ್ದು. ನಾನು ಕಿಟಕಿಯ ಕಡೆ ನೋಡಿದೆ.

ಮುನಿರಾಜು ಮೇಡಂ ಅವರನ್ನು ಕೇಳಿದರು. "ಇದ್ನ ಸಾಹೇಬ್ರಿಗೆ ತೋರಿಸ್ತೀರಾ?"

"ಇಲ್ಲ. ನೀವು ಹೇಳ್ದೆ ಇದು ಈ ಮನೆ ಬಾಗಿಲು ದಾಟಲ್ಲ" ಎಂದರು ಮೇಡಂ, ಅವರಿಗೆ ತುಟಿ ಕಾಣುವಂತೆ ನಿಧಾನವಾಗಿ. "ಆದ್ರೆ ನಾಳೆ ನೀವು ಅದೇ ದಾರೀಲಿ ನಡೀತೀರ. ಅದನ್ನ ನೋಡ್ಕೊಂಡು ಕ್ಯಾಮೆರಾ ಹಿಡ್ಕೊಂಡು ನಿಂತ್ಕೊಳ್ಳೋಕೆ ನನ್ನ ಕೈಲಿ ಆಗಲ್ಲ. ನಾಳೆಯಿಂದ ನಾನು ಬರಲ್ಲ ಮುನಿರಾಜು ಅವ್ರೇ. ಕಿರಣ್‌ಗೆ ನನ್ನ ಆರೋಗ್ಯ ಸರಿ ಇಲ್ಲ ಅಂತ ಹೇಳ್ತೀನಿ."

ಹಾಗೇ ಹೇಳಿದರು ಕೂಡ. ಎರಡು ತಿಂಗಳ ಕೆಲಸ ಅರ್ಧಕ್ಕೆ ನಿಂತಿತು. ಸೋಮವಾರ, ಮಂಗಳವಾರ ನಾನು ಮನೆಯಲ್ಲಿ ಕೂತು ಬೀಸುಕಲ್ಲಿನ ಸದ್ದನ್ನೇ ಮತ್ತೆ ಮತ್ತೆ ಕೇಳಿದೆ. ಆ ಎರಡು ದಿನ ಅವರು ಅದೇ ಶೆಡ್ಡಿನಲ್ಲಿ ನಡೆಯುತ್ತಿದ್ದಾರೆ ಎಂಬುದು ತಲೆಯಿಂದ ಹೋಗಲಿಲ್ಲ. ಕಿರಣ್ ನಂಬರನ್ನು ನಾಲ್ಕೈದು ಸಲ ತೆಗೆದು ನೋಡಿ ಫೋನ್ ಕೆಳಗಿಟ್ಟೆ. ಇವತ್ತಿಗೂ ಅದು ಸರಿಯೋ ತಪ್ಪೋ ನನಗೆ ಗೊತ್ತಿಲ್ಲ.

ಬುಧವಾರ ಬೆಳಿಗ್ಗೆ ಗಂಗಮ್ಮನ ಫೋನ್ ಬಂತು. "ಇವ್ರು ಹನ್ನೊಂದು ಗಂಟೆಗೆ ಸಾಹೇಬ್ರ ಹತ್ರ ಮಾತಾಡ್ತಾರಂತೆ. ಕ್ಯಾಮೆರಾ ತಗೊಂಡ್ ಬರ್ಬೇಕಂತೆ."

ಕಿರಣ್ ಅವರ ಗಾಜಿನ ಕೋಣೆಯಲ್ಲಿ ಮುನಿರಾಜು ಕೂರಲಿಲ್ಲ. ನಿಂತೇ ಹೇಳಿದರು. "ನಂಗೆ ಕಿವಿ ಹೋಗೈತೆ ಸಾರ್. ನಾಕು ವರ್ಷ ಆಯ್ತು. ನಿಮ್ಮ ತಂದೆಯವ್ರು ಇದ್ದಾಗ್ಲೇ ಶುರುವಾಗಿತ್ತು. ಹೇಳಿಲ್ಲ. ತಪ್ಪಾಯ್ತು."

ಕಿರಣ್ ಮೊದಲು ಕ್ಯಾಮೆರಾ ಕಡೆ ನೋಡಿದರು, ಆಮೇಲೆ ಮೇಡಂ ಕಡೆ. ಬೈಯುತ್ತಾರೆ ಎಂದುಕೊಂಡೆ. ಅವರು ಹಣೆ ಉಜ್ಜಿಕೊಂಡು ಕೇಳಿದ್ದು ಬೇರೆ. "ಹಂಗಾದ್ರೆ ಅವತ್ತು ಆ ಗ್ರೈಂಡಿಂಗ್ ಮಿಷಿನ್ದು ಹೆಂಗೆ ಹೇಳಿದ್ರಿ ಮುನಿಯಣ್ಣ?"

ಮೇಡಂ ಕ್ಯಾಮೆರಾದ ಹಿಂದೆ ಸಣ್ಣಗೆ ನಕ್ಕಿದ್ದು ನನ್ನ ಮೈಕಿನಲ್ಲಿ ದಾಖಲಾಗಿದೆ.

ಎಲ್ಲರೂ ಶೆಡ್ಡಿಗೆ ನಡೆದೆವು. ಮುನಿರಾಜು ಗೋಡೆಯ ಡಬ್ಬದಿಂದ ಬಿರಡೆಗಳನ್ನು ತೆಗೆದು ಒರೆಸಿ ಕಿರಣ್ ಕಿವಿಗೆ ತಾವೇ ತುರುಕಿದರು. ಸ್ಕ್ರೂಡ್ರೈವರಿನ ತುದಿ ಮಿಷಿನ್ನಿಗೆ, ಹಿಡಿ ಕಿರಣ್ ದವಡೆಗೆ. "ಕಣ್ ಮುಚ್ಕಳಿ ಸಾರ್." ಕಿರಣ್ ಮುಚ್ಚಿದರು. ಮೊದಲು ಮುಖದಲ್ಲಿ ಏನೂ ಇರಲಿಲ್ಲ. ಆಮೇಲೆ ಹುಬ್ಬು ಮೇಲೇರಿತು. ಮುನಿರಾಜು ಅವರನ್ನು ಪಕ್ಕದ ಮಿಷಿನ್ನಿಗೆ ಕರೆದೊಯ್ದರು, ಮತ್ತೊಂದಕ್ಕೆ. ಮೂರನೆಯದರ ಹತ್ತಿರ ಕಿರಣ್ ಕಣ್ಣು ಬಿಟ್ಟು, "ಇದು ಬೇರೆ ಥರ ಇದೆ!" ಎಂದು ಇಡೀ ಶೆಡ್ಡಿಗೆ ಕೇಳುವಂತೆ ಕಿರುಚಿದರು, ಬಿರಡೆ ಹಾಕಿಕೊಂಡಿದ್ದರಿಂದ. ಮೇಡಂ ಕ್ಯಾಮೆರಾ ನನ್ನ ಕೈಗೆ ಕೊಟ್ಟು ತಾವೂ ಹೋಗಿ ದವಡೆಗೆ ಹಿಡಿದುಕೊಂಡರು. ಎಷ್ಟು ಹೊತ್ತು ಎಂದರೆ, ಕೊನೆಗೆ ನಾನೇ ಕರೆಯಬೇಕಾಯಿತು.

ಎಲ್ಲವೂ ಸಲೀಸಾಗಿ ಮುಗಿಯಿತು ಎಂದು ಹೇಳಲಾರೆ. ಮುನಿರಾಜು ಅವರನ್ನು ಶೆಡ್ಡಿನ ಓಡಾಟದಿಂದ ಬಿಡಿಸಿ, ಮಿಷಿನ್ ಪರೀಕ್ಷೆಗೆ ಮಾತ್ರ ಇಟ್ಟುಕೊಂಡರು. ಅವರಿಗೆ ಅದು ಹಿಡಿಸಲಿಲ್ಲ, ಒಂದು ವಾರ ಯಾರ ಜೊತೆಗೂ ಸರಿಯಾಗಿ ಮಾತಾಡಲಿಲ್ಲ. ಫೋರ್ಕ್‌ಲಿಫ್ಟಿಗೆ ತಿರುಗುವ ಕೆಂಪು ದೀಪ ಬಂತು, ನೆಲದ ಮೇಲೆ ನಡೆಯುವ ದಾರಿಗೆ ಹಳದಿ ಗೆರೆ ಬಂತು. ಎಲ್ಲರ ಕಿವಿ ಪರೀಕ್ಷೆಗೆ ಆಸ್ಪತ್ರೆಯ ವ್ಯಾನು ಬರುತ್ತದೆಂದು ಗೊತ್ತಾದ ಮಾರನೆಯ ದಿನ ಪ್ರೆಸ್ಸಿನ ಇಬ್ಬರು ಕೆಲಸಕ್ಕೆ ಬರಲೇ ಇಲ್ಲ. ಕಿವಿ ಕೆಟ್ಟದ್ದು ಬಯಲಾದರೆ ಕೆಲಸ ಹೋದೀತೆಂದು ಪಕ್ಕದ ಬೀದಿಯ ಬೇರೆ ಶೆಡ್ಡು ಸೇರಿಕೊಂಡಿದ್ದರು. ಮೇಡಂ ಆ ಇಬ್ಬರನ್ನು ಹುಡುಕಿಕೊಂಡು ಹೋದರೆ, "ನಿಮ್ಮಿಂದಾನೇ ಆಗಿದ್ದು, ಹೋಗಿ ಮೇಡಂ" ಎಂದರು. ಅವತ್ತು ಮೇಡಂ ಊಟ ಮಾಡಲಿಲ್ಲ.

ಬೆಳ್ಳಿಹಬ್ಬದ ಚಿತ್ರವನ್ನು ಕಿರಣ್ ಹೇಳಿದ ಹಾಗೇ ಮೇಡಂ ಮಾಡಿಕೊಟ್ಟರು. ಡ್ರೋನ್ ಇತ್ತು, ಅಪ್ಪನ ಫೋಟೋ ಇತ್ತು, ಗೇರುಗಳು ಥಳಥಳ ಹೊಳೆಯುತ್ತಿದ್ದವು. ಕೈ ತೊಳೆಯುವ ಚಿತ್ರದಷ್ಟೇ ನಿಗಾ ಇಟ್ಟು ಮಾಡಿದರು. ಇನ್ನೊಂದು ಚಿತ್ರ, ಮುನಿರಾಜು ಅವರದ್ದು, ಕಂಪನಿಯ ಹೆಸರು ಎಲ್ಲೂ ಬರಬಾರದೆಂಬ ಷರತ್ತಿನ ಮೇಲೆ ಕಿರಣ್ ಒಪ್ಪಿಕೊಂಡದ್ದು. ಹದಿನೆಂಟು ನಿಮಿಷ. ಅದರಲ್ಲಿ ನಿರೂಪಣೆಯ ಮಾತು ಒಂದೂ ಇಲ್ಲ. ನನ್ನ ಹೆಸರು ಪರದೆಯ ಮೇಲೆ ಮೊದಲ ಸಲ ಬಂದದ್ದು ಅದರಲ್ಲೇ. ಅವ್ವ ಆ ಒಂದು ಚೌಕಟ್ಟನ್ನು ಫೋನಿನಲ್ಲಿ ಹಿಡಿದು ರಾಣೆಬೆನ್ನೂರಿನ ಬಳಗಕ್ಕೆಲ್ಲ ಕಳಿಸಿದಳು. ಅಷ್ಟು ಹೊತ್ತಿಗಾಗಲೇ ಮೇಡಂ ಟ್ಯಾಂಕರಿನಲ್ಲಿ ನೀರು ಹೊಡೆಯುವವರ ಹಿಂದೆ ಬಿದ್ದಿದ್ದರು. "ಬೋರ್‌ವೆಲ್ ಒಳಗೆ ಮೈಕ್ ಇಳಿಸ್ಬಹುದಾ ನೋಡು" ಎಂದು ಫೋನ್ ಮಾಡಿದ್ದರು.

ಮಳೆ ಪೂರ್ತಿ ನಿಂತ ಮೇಲೆ, ಚಿತ್ರವನ್ನು ಮೊದಲು ಅವರಿಬ್ಬರಿಗೇ ತೋರಿಸಬೇಕೆಂದು ಮತ್ತೆ ರಾಜಗೋಪಾಲನಗರಕ್ಕೆ ಹೋದೆವು. ಮುನಿರಾಜು ಕಿವಿಗೆ ಯಂತ್ರ ಬಂದಿತ್ತು. ಅದರ ಮೇಲೆ ಅವರಿಗೆ ದೂರುಗಳೇ ದೂರುಗಳು. "ಕುಕ್ಕರ್ ಕೂಗಿದ್ರೆ ಎದೆ ಒಡೆದೋಯ್ತದೆ ಮೇಡಂ. ಪಕ್ಕದ ಮನೆ ನಲ್ಲೀಲಿ ನೀರು ಬರೋದೂ ಕೇಳಿಸ್ತೈತೆ. ಮಿಷಿನ್ ನೋಡೋವಾಗ ತೆಗೆದಿಟ್ಬಿಡ್ತೀನಿ."

"ಮನೇಲಿ ತೆಗೀತಾರಾ?" ಎಂದು ಮೇಡಂ ಗಂಗಮ್ಮನನ್ನು ಕೇಳಿದರು.

"ತೆಗೆಯಾಕೆ ಬಿಡ್ತೀನಾ?" ಗಂಗಮ್ಮ ನಕ್ಕರು. ಅವರೀಗ ತರಕಾರಿ ಹೆಚ್ಚುವ ಮಣೆಯನ್ನು ಹೊರಗೆ ತಂದು, ಗಂಡನ ಎದುರಿಗೇ ಕೂತಿದ್ದರು. "ನಾಕು ವರ್ಷದ್ದು ಹೇಳೋದೈತೆ. ದಿನಾ ಸಂಜೆ ಇಷ್ಟಿಷ್ಟು ಹೇಳ್ತಿದೀನಿ. ಯಾರ್ ಮನೇಲಿ ಮಗು ಆಯ್ತು, ನನ್ ಮಂಡಿನೋವು ಯಾವಾಗ ಶುರುವಾಯ್ತು, ಎಲ್ಲ. ಈಗ ಎರಡನೇ ವರ್ಷದ ದೀಪಾವಳಿಗೆ ಬಂದಿದೀನಿ."

ಮೇಡಂ ಲ್ಯಾಪ್‌ಟಾಪ್ ತೆರೆದು ಚಿತ್ರ ಹಚ್ಚಲು ಹೋದರು. ಮುನಿರಾಜು ಕೈ ಅಡ್ಡ ಹಿಡಿದರು.

"ಒಂದ್ನಿಮಿಷ ಮೇಡಂ. ನಿನ್ನೆ ಅರ್ಧಕ್ಕೆ ನಿಂತೋಗಿತ್ತು." ಹೆಂಡತಿಯ ಕಡೆ ತಿರುಗಿದರು. "ಹೇಳು ಗಂಗಾ. ನಿಮ್ಮಣ್ಣ ಬಂದ್ನಾ ಅವತ್ತು?"